ಬೀಸಣಿಗೆ ಯಾರದು? ಮಾತು ಬಿಟ್ಟುಕೊಟ್ಟ ಒಂದು ನಾಟಕದ ಕಥೆ



ರಂಗಭೂಮಿಯ ಬಗ್ಗೆ ಮಾತಾಡಿ ಎಂದು ಕೇಳಿದ ಸಂಘಟಕರಿಗೆ ನಾನು ಒಂದು ಸಿನಿಮಾದ ಹೆಸರು ಹೇಳಿದೆ, ಅದೂ ಮೂಕಿ ಸಿನಿಮಾ. ಅವರು ಮುಖಮುಖ ನೋಡಿಕೊಂಡರು, ಆಮೇಲೆ ಸೌಜನ್ಯಕ್ಕೆ ಒಪ್ಪಿಕೊಂಡರು. ಅವರ ಅನುಮಾನ ನ್ಯಾಯವಾದದ್ದೇ. ಆಸ್ಕರ್ ವೈಲ್ಡ್ ಎಂದರೆ ಮಾತು, ಮಾತು ತೆಗೆದರೆ ವೈಲ್ಡ್‌ನಲ್ಲಿ ಉಳಿಯುವುದು ಒಳ್ಳೆಯ ಕೋಟು ಮಾತ್ರ ಎಂದು ಇಂಗ್ಲಿಷ್ ತರಗತಿಯಲ್ಲಿ ಕೂತು ಎದ್ದವರೆಲ್ಲ ನಂಬಿದ್ದೇವೆ. ಅಂಥವನ ‘ಲೇಡಿ ವಿಂಡರ್‌ಮಿಯರ್ಸ್ ಫ್ಯಾನ್’ ನಾಟಕವನ್ನು ಎರ್ನ್ಸ್ಟ್ ಲುಬಿಚ್ 1925ರಲ್ಲಿ ಹಾಲಿವುಡ್ಡಿನ ವಾರ್ನರ್ ಬ್ರದರ್ಸ್ ಕಂಪನಿಗಾಗಿ ಮೂಕಿ ಚಿತ್ರ ಮಾಡಿದ. ಜನರ ಬಾಯಲ್ಲಿ ಗಾದೆಯಂತೆ ನಿಂತಿದ್ದ ಅದರ ಚಾಟೂಕ್ತಿಗಳಲ್ಲಿ ಒಂದನ್ನೂ ಇಟ್ಟುಕೊಳ್ಳಲಿಲ್ಲ. ಆದರೂ ಈ ನಾಟಕದ ಎಲುಬುಗೂಡು ಎಷ್ಟು ಗಟ್ಟಿ ಎಂದು ತೋರಿಸಿದ್ದು ಈ ಚಿತ್ರವೇ.

ನಾನು ಹೇಳಹೊರಟಿರುವುದು ಇಷ್ಟು. ನಾಟಕವನ್ನು ಹಿಡಿದು ನಿಲ್ಲಿಸುವುದು ಯಾರಿಗೆ ಏನು ಗೊತ್ತು, ಯಾರಿಗೆ ಏನು ಗೊತ್ತಿಲ್ಲ ಎಂಬ ಲೆಕ್ಕ. ಮಾತು ಆ ಲೆಕ್ಕದ ಮೇಲೆ ನಡೆಯುವ ವ್ಯವಹಾರ. ಲೆಕ್ಕ ಸರಿಯಿದ್ದರೆ ವ್ಯವಹಾರವನ್ನು ಬೇರೆ ನಾಣ್ಯದಲ್ಲೂ ನಡೆಸಬಹುದು.

ಮೊದಲು ನಾಟಕ. ಅದು ರಂಗಕ್ಕೆ ಬಂದದ್ದು 1892ರ ಫೆಬ್ರವರಿ 20ರಂದು, ಲಂಡನ್ನಿನ ಸೇಂಟ್ ಜೇಮ್ಸ್ ಥಿಯೇಟರಿನಲ್ಲಿ. ಕಂಪನಿ ನಟ-ಮಾಲೀಕ ಜಾರ್ಜ್ ಅಲೆಕ್ಸಾಂಡರನದು. ಮೊದಲ ಪ್ರದರ್ಶನ ಮುಗಿದಾಗ ವೈಲ್ಡ್ ಬೆರಳ ನಡುವೆ ಸಿಗರೇಟು ಹಿಡಿದುಕೊಂಡೇ ಪರದೆಯ ಮುಂದೆ ಬಂದ. ನಾಟಕವನ್ನು ಇಷ್ಟು ಚೆನ್ನಾಗಿ ಮೆಚ್ಚಿಕೊಂಡಿರಲ್ಲ ಎಂದು ಪ್ರೇಕ್ಷಕರನ್ನೇ ಅಭಿನಂದಿಸಿದ. ಪತ್ರಿಕೆಗಳು ನಾಟಕಕ್ಕಿಂತ ಹೆಚ್ಚಾಗಿ ಆ ಸಿಗರೇಟಿನ ಮೇಲೆ ಸಿಟ್ಟಾದವು.

ಕಥೆ ನಡೆಯುವುದು ಒಂದು ಮಂಗಳವಾರ ಸಂಜೆ ಐದರಿಂದ ಮರುದಿನ ಮಧ್ಯಾಹ್ನ ಒಂದೂವರೆಯವರೆಗೆ. ಲೇಡಿ ವಿಂಡರ್‌ಮಿಯರಳಿಗೆ ಅವತ್ತು ಇಪ್ಪತ್ತೊಂದು ತುಂಬಿದೆ. ಗಂಡ ಉಡುಗೊರೆಯಾಗಿ ಕೊಟ್ಟ ಬೀಸಣಿಗೆ ಮೇಜಿನ ಮೇಲಿದೆ. ಆಕೆ ಕಟ್ಟುನಿಟ್ಟಿನ ಹುಡುಗಿ. ಒಳ್ಳೆಯವರು ಒಂದು ಕಡೆ, ಕೆಟ್ಟವರು ಒಂದು ಕಡೆ, ನಡುವೆ ಗೋಡೆ. ತಾಯಿ ಸತ್ತುಹೋಗಿದ್ದಾಳೆಂದು ತಿಳಿದು ಆಕೆಯ ಪುಟ್ಟ ಚಿತ್ರವನ್ನು ದೇವರಂತೆ ಇಟ್ಟುಕೊಂಡಿದ್ದಾಳೆ. ತನ್ನ ಗಂಡ ಮಿಸೆಸ್ ಅರ್ಲಿನ್ ಎಂಬ ಹೆಸರು ಕೆಟ್ಟ ಹೆಂಗಸಿಗೆ ದುಡ್ಡು ಸುರಿಯುತ್ತಿದ್ದಾನೆಂಬ ಸುದ್ದಿ ಕಿವಿಗೆ ಬೀಳುತ್ತದೆ. ಬೀಗ ಹಾಕಿದ ಬ್ಯಾಂಕ್ ಪುಸ್ತಕವನ್ನು ಕಾಗದದ ಚಾಕುವಿನಿಂದ ಸೀಳಿ ನೋಡಿದರೆ ಸುದ್ದಿ ನಿಜ. ನಿಜದ ಒಳಗಿನ ನಿಜ ಮಾತ್ರ ಬೇರೆ: ಅರ್ಲಿನ್ ಆಕೆಯ ಹೆತ್ತ ತಾಯಿ. ಹಿಂದೊಮ್ಮೆ ಗಂಡನನ್ನೂ ಮಗುವನ್ನೂ ಬಿಟ್ಟು ಪ್ರಿಯಕರನ ಜೊತೆ ಹೋದವಳು. ಹೆಂಡತಿಗೆ ಇದು ತಿಳಿಯದಿರಲೆಂದು ಅಳಿಯ ಕಪ್ಪ ಕಟ್ಟುತ್ತಿದ್ದಾನೆ.

ಸಿಟ್ಟಿನಲ್ಲಿ ಮಗಳೂ ಮನೆ ಬಿಟ್ಟು ಲಾರ್ಡ್ ಡಾರ್ಲಿಂಗ್ಟನ್ ಎಂಬವನ ಕೋಣೆಗೆ ಹೋಗುತ್ತಾಳೆ. ತಾನು ಮಾಡಿದ ತಪ್ಪನ್ನೇ ಮಗಳು ಮಾಡುವುದನ್ನು ಕಂಡ ತಾಯಿ ಹಿಂದೆಯೇ ಓಡಿಬಂದು ಮನವೊಲಿಸುತ್ತಾಳೆ. ಅಷ್ಟರಲ್ಲಿ ಗಂಡಸರ ಗುಂಪು ಬರುತ್ತದೆ, ಸೋಫಾದ ಮೇಲೆ ಬೀಸಣಿಗೆ ಅವರ ಕಣ್ಣಿಗೆ ಬೀಳುತ್ತದೆ. ಅರ್ಲಿನ್ ಮರೆಯಿಂದ ಹೊರಬಂದು, ನನ್ನದೆಂದುಕೊಂಡು ತಪ್ಪಿ ತಂದುಬಿಟ್ಟೆ ಎಂದು ಬೀಸಣಿಗೆ ಎತ್ತಿಕೊಳ್ಳುತ್ತಾಳೆ. ಮಗಳು ಹಿಂದಿನಿಂದ ನುಸುಳಿ ಪಾರಾಗುತ್ತಾಳೆ. ತಾಯಿಯ ಹೆಸರಿನಲ್ಲಿ ಉಳಿದಿದ್ದ ಅಷ್ಟಿಷ್ಟು ಮಾನವೂ ಅಲ್ಲಿಗೆ ಮುಗಿಯಿತು.

ಇದನ್ನು ಬರೆದಿಟ್ಟರೆ ಯಾವ ಕಂಪನಿ ನಾಟಕಕ್ಕೂ ಸಲ್ಲುವ ಕಣ್ಣೀರಿನ ಕಥೆ. ಅದಕ್ಕೆ ವೈಲ್ಡ್ ಮಾತಿನ ಸರಿಗೆ ಹೊದಿಸಿದ. ಆ ಸರಿಗೆ ಎಷ್ಟು ಹೊಳೆಯಿತೆಂದರೆ ಒಳಗಿನ ಬಟ್ಟೆಯನ್ನು ಯಾರೂ ಮುಟ್ಟಿ ನೋಡಲಿಲ್ಲ.

ಲುಬಿಚ್ ಹುಟ್ಟಿದ್ದು ಈ ನಾಟಕ ರಂಗಕ್ಕೆ ಬರುವ ಮೂರು ವಾರ ಮೊದಲು, ಬರ್ಲಿನ್ನಿನಲ್ಲಿ. ತಂದೆ ದರ್ಜಿ. ಲುಬಿಚ್ ಹತ್ತೊಂಬತ್ತರ ಹುಡುಗನಾಗಿದ್ದಾಗ ಮ್ಯಾಕ್ಸ್ ರೈನ್‌ಹಾರ್ಟ್‌ನ ನಾಟಕ ಮಂಡಳಿ ಸೇರಿ ಸಣ್ಣಪುಟ್ಟ ಪಾತ್ರ ಮಾಡಿದ. 1922ರಲ್ಲಿ ಅಮೆರಿಕಕ್ಕೆ ಹೋದ, ವಾರ್ನರ್ ಬ್ರದರ್ಸ್‌ನಲ್ಲಿ 1924ರ ‘ದಿ ಮ್ಯಾರೇಜ್ ಸರ್ಕಲ್’ ಮಾಡಿದ. ಅದರ ಮೂಲವೂ ಒಂದು ಜರ್ಮನ್ ನಾಟಕ. ಅಂದರೆ ರಂಗದಿಂದ ಬಂದವನು. ಮಾತಿನ ಬೆಲೆ ತಿಳಿಯದೆ ಮಾತನ್ನು ಬಿಸಾಡಿದವನಲ್ಲ.

ಮೂಕಿ ಚಿತ್ರದಲ್ಲಿ ಮಾತು ಪೂರ್ತಿ ಇಲ್ಲವೆಂದಲ್ಲ. ದೃಶ್ಯದ ನಡುವೆ ಅಕ್ಷರದ ಫಲಕ ಬರುತ್ತದೆ. ಪಾತ್ರ ಬಾಯಿ ತೆರೆಯಿತು, ಚಿತ್ರ ನಿಂತಿತು, ಫಲಕ ಬಂತು, ಓದಿದೆವು, ಮತ್ತೆ ಚಿತ್ರ. ನಮ್ಮ ದೇಶದಲ್ಲಿ ಒಂದೇ ಫಲಕದ ಮೇಲೆ ಮೂರು ನಾಲ್ಕು ಲಿಪಿಗಳಲ್ಲಿ ಬರೆಯುತ್ತಿದ್ದರು, ಓದು ಬಾರದವರಿಗೆ ಪರದೆಯ ಪಕ್ಕ ನಿಂತವನೊಬ್ಬ ಕೂಗಿ ಹೇಳುತ್ತಿದ್ದ. ಈಗ ವೈಲ್ಡ್‌ನ ಮೂರನೇ ಅಂಕ ನೆನೆಯಿರಿ. ಗಂಡಸರು ಕೂತು ಒಬ್ಬರ ಮೇಲೊಬ್ಬರು ಜಾಣ ಮಾತು ಎಸೆಯುತ್ತಾರೆ. ಆ ಮಾತಿನ ಕಸುವೆಲ್ಲ ಅದು ಬಾಯಿಂದ ಬೀಳುವ ಗಳಿಗೆಯಲ್ಲಿದೆ. ಒಬ್ಬ ಮುಗಿಸುವ ಮುಂಚೆ ಇನ್ನೊಬ್ಬ ಶುರುಮಾಡಬೇಕು. ಫಲಕದಲ್ಲಿ ಅಚ್ಚು ಹಾಕಿದರೆ ಅದು ಕ್ಯಾಲೆಂಡರಿನ ಸೂಕ್ತಿಯಾಗುತ್ತದೆ. 1916ರಲ್ಲೇ ಇಂಗ್ಲೆಂಡಿನಲ್ಲಿ ಫ್ರೆಡ್ ಪಾಲ್ ಎಂಬವನು ಈ ನಾಟಕವನ್ನು ಮೂಕಿ ಮಾಡಿದ್ದ. ಆ ಹೊತ್ತಿನಲ್ಲಿ ಹೆಸರಾದ ನಾಟಕಗಳನ್ನು ಹೀಗೆ ಸಾಲುಸಾಲಾಗಿ ಪರದೆಗೆ ತಂದರು. ಮೂಲದ ಕೀರ್ತಿ ಟಿಕೆಟ್ ಮಾರಿಕೊಡುತ್ತಿತ್ತು. ಲುಬಿಚ್‌ನ ನಿಲುವು ಬೇರೆ. ಮಾತಿನ ಆಟ ಓದುವವನಿಗೆ ಚೆನ್ನ, ಪರದೆಯ ಮೇಲೆ ಆಗದ ಕೆಲಸ ಎಂದು ಅವನು ಬಾಯಿಬಿಟ್ಟೇ ಹೇಳಿದ.

ಅವನು ಮಾತಿನ ಜಾಗಕ್ಕೆ ಏನು ತಂದ ಎಂಬುದಕ್ಕೆ ಎರಡು ಮೂರು ದೃಶ್ಯಗಳನ್ನಾದರೂ ಹತ್ತಿರದಿಂದ ನೋಡಬೇಕು.

ಚಿತ್ರ ಶುರುವಾಗುವುದು ಲೇಡಿ ವಿಂಡರ್‌ಮಿಯರ್ ಊಟದ ಮೇಜಿನಲ್ಲಿ ಯಾರನ್ನು ಎಲ್ಲಿ ಕೂರಿಸುವುದೆಂದು ತಲೆಕೆಡಿಸಿಕೊಂಡಿರುವಾಗ. ದೊಡ್ಡ ಸಮಸ್ಯೆಯೆಂದು ಫಲಕ ಸಾರುತ್ತದೆ, ನೋಡಿದರೆ ಹೆಸರು ಬರೆದ ಚೀಟಿಗಳು. ಡಾರ್ಲಿಂಗ್ಟನ್‌ನನ್ನು ಎಲ್ಲಿ ಕೂರಿಸಬೇಕು? ಹುಡುಗಿಯ ಮನಸ್ಸಿನಲ್ಲಿ ಅವನಿಗೆ ಎಲ್ಲಿ ಜಾಗ ಎಂಬ ಪ್ರಶ್ನೆಯೂ ಆ ಚೀಟಿಯಲ್ಲೇ ಇದೆ. ಅತ್ತ ಗಂಡನ ಮೇಜಿನ ಮೇಲೆ ಅರ್ಲಿನ್ ಬರೆದ ಕಾಗದ. ಡಾರ್ಲಿಂಗ್ಟನ್ ಒಳಗೆ ಬಂದಾಗ ಗಂಡ ಅದನ್ನು ಮರೆಮಾಡಲು ಪಡುವ ಪಾಡನ್ನು ಅವನು ಗಮನಿಸಿಬಿಡುತ್ತಾನೆ. ಗಮನಿಸಿದೆನೆಂದು ತೋರಿಸಿಕೊಳ್ಳುವುದಿಲ್ಲ. ಒಂದು ಹಾಳೆ, ಒಂದು ಕೈ, ಎರಡು ಜೊತೆ ಕಣ್ಣು, ಇಷ್ಟರಲ್ಲಿ ಮೂವರ ಸಂಬಂಧ ಎದುರಿಗೆ ಹರಡಿಕೊಂಡಿತು. ನಮ್ಮ ಟಿವಿ ಧಾರಾವಾಹಿಯಲ್ಲಾದರೆ ಇದಕ್ಕೆ ಮೂರು ಸಂಚಿಕೆ, ಜೊತೆಗೆ ಪಾತ್ರ ಕಂಬಕ್ಕೆ ಒರಗಿ ತನ್ನೊಳಗಿನದನ್ನೆಲ್ಲ ಗಟ್ಟಿಯಾಗಿ ಹೇಳಿಕೊಳ್ಳುವ ವ್ಯವಸ್ಥೆ ಬೇಕಾಗುತ್ತಿತ್ತು.

ಇನ್ನೊಂದು ಕುದುರೆ ರೇಸಿನ ದೃಶ್ಯ. ನಾಟಕದಲ್ಲಿ ಇದು ಇಲ್ಲವೇ ಇಲ್ಲ. ವೈಲ್ಡ್‌ನಲ್ಲಿ ಬರ್ವಿಕ್ ಡಚೆಸ್ ಮನೆಗೆ ಬಂದು ಅರ್ಲಿನಳ ಚಾಡಿ ಹೇಳುತ್ತಾಳೆ. ಊರಿಗೆ ಊರೇ ಆಕೆಯ ಬಗ್ಗೆ ಆಡಿಕೊಳ್ಳುತ್ತಿದೆ ಎಂಬುದನ್ನು ನಾವು ಒಬ್ಬಳ ಬಾಯಿಂದ ಕೇಳುತ್ತೇವೆ. ಲುಬಿಚ್ ಊರನ್ನೇ ಕರೆತಂದು ಗ್ಯಾಲರಿಯಲ್ಲಿ ಕೂರಿಸಿದ, ಎಲ್ಲರ ಕೈಗೂ ದುರ್ಬೀನು ಕೊಟ್ಟ. ಬಂದದ್ದು ಕುದುರೆ ನೋಡಲು. ದುರ್ಬೀನುಗಳೆಲ್ಲ ತಿರುಗಿದ್ದು ಮಾತ್ರ ಒಂಟಿಯಾಗಿ ನಡೆದು ಬರುತ್ತಿರುವ ಹೆಂಗಸಿನ ಕಡೆಗೆ. ಒಂದೊಂದು ಕಣ್ಣಿಗೂ ಅವಳು ಒಂದೊಂದು ಥರ. ಚಾಡಿಕೋರ ಹೆಂಗಸರ ಗುಂಪಿಗೆ ಅವಳ ತಲೆಯಲ್ಲಿ ನರೆತ ಕೂದಲು ಬೇಕು. ಲಾರ್ಡ್ ಅಗಸ್ಟಸ್ ಎಂಬ ವಯಸ್ಸಾದ ಬ್ರಹ್ಮಚಾರಿಗೆ ಅವಳ ಬೆಡಗು ಬೇಕು. ಮಗಳಿಗೆ ಅವಳೊಬ್ಬ ಬರೀ ಸುದ್ದಿ. ಅಳಿಯನೊಬ್ಬನಿಗೆ ಗೊತ್ತು, ಗೊತ್ತಿರುವುದರಿಂದಲೇ ಅವನು ಎಲ್ಲರ ಹಾಗೆ ಆರಾಮಾಗಿ ನೋಡಲಾರ. ಆಡಿಕೊಳ್ಳುವವರನ್ನು ಅವನು ತಡೆಯುತ್ತಾನೆ. ತಡೆದದ್ದನ್ನು ಹೆಂಡತಿ ಗಮನಿಸುತ್ತಾಳೆ, ಅನುಮಾನದ ಬೀಜ ಅಲ್ಲೇ ಬಿತ್ತು.

ಇಷ್ಟು ಜನರ ಕಣ್ಣಿನ ನಡುವೆ ಅರ್ಲಿನ್ ಪಾತ್ರ ಮಾಡಿದ ಐರೀನ್ ರಿಚ್ ಸುಮ್ಮನೆ ಬೆನ್ನು ನೇರ ಮಾಡಿ ನಡೆಯುತ್ತಾಳೆ. ನೋಡಿಸಿಕೊಳ್ಳುವುದು ರೂಢಿಯಾದವರ ನಡಿಗೆ ಅದು. ಅಂಗಳ ದಾಟಿ ಅವಳು ಹೊರಟಾಗ ಅಗಸ್ಟಸ್ ಬೆನ್ನುಹತ್ತುತ್ತಾನೆ, ಕ್ಯಾಮೆರಾ ಪಕ್ಕದಲ್ಲೇ ಸಾಗುತ್ತದೆ. ಅವನು ಹತ್ತಿರವಾದಷ್ಟೂ ಪರದೆಯನ್ನು ಕತ್ತಲೆ ಪಕ್ಕದಿಂದ ಒತ್ತರಿಸಿಕೊಂಡು ಬಂದು ಇಬ್ಬರನ್ನೂ ನುಂಗಿಬಿಡುತ್ತದೆ. ಅವರು ಏನು ಮಾತಾಡಿಕೊಂಡರೆಂದು ಊಹಿಸುವ ಕೆಲಸ ನಮಗೆ. ಮುಂದೆ ಅವನು ಅವಳ ಮನೆಗೆ ಬಂದದ್ದನ್ನು ತೋರಿಸುವುದೂ ಇದೇ ಜಾಣತನದಲ್ಲಿ. ಬಾಗಿಲ ಕರೆಗಂಟೆಯ ಮೇಲೆ ಬೆರಳು. ಹೊಸದರಲ್ಲಿ ಆ ಬೆರಳಿಗೆ ಅಳುಕು, ಆಮೇಲಾಮೇಲೆ ಸ್ವಂತ ಮನೆಗೆ ಬಂದವನ ಧಾಟಿ. ಪರಿಚಯ ಎಷ್ಟು ಮುಂದುವರಿಯಿತೆಂಬುದನ್ನು ಬೆರಳೇ ಹೇಳಿತು. ಈ ಕರೆಗಂಟೆಯಲ್ಲಿ ವೈಲ್ಡ್‌ನ ನಗು ಪೂರ್ತಿ ಇದೆ, ಅವನ ಅಕ್ಷರ ಒಂದೂ ಇಲ್ಲ.

ಇನ್ನು ತೋಟದ ದೃಶ್ಯ. ಚಿತ್ರದಲ್ಲಿ ನನಗೆ ಎಲ್ಲಕ್ಕಿಂತ ಹೆಚ್ಚು ಇಷ್ಟವಾದದ್ದು ಇದು. ಔತಣದ ರಾತ್ರಿ. ಕತ್ತರಿಸಿ ಗೋಡೆಯಂತೆ ಬೆಳೆಸಿದ ಬೇಲಿ. ಅದರ ಆಚೆ ಅರ್ಲಿನ್ ಕೂತಿದ್ದಾಳೆ, ಈಚೆಯಿಂದ ಲೇಡಿ ವಿಂಡರ್‌ಮಿಯರ್ ನೋಡುತ್ತಾಳೆ. ಅವಳಿಗೆ ಕಾಣುವುದು ಅರ್ಲಿನಳ ಕೈಯನ್ನು ಯಾರೋ ಗಂಡಸು ಹಿಡಿದು ಮುತ್ತಿಡುವುದಷ್ಟೇ, ಆ ಗಂಡಸಿನ ಮುಖ ಬೇಲಿಯ ಮರೆಯಲ್ಲಿದೆ. ತನ್ನ ಗಂಡನೇ ಎಂದು ಅವಳು ತೀರ್ಮಾನಿಸುತ್ತಾಳೆ, ಮನೆ ಬಿಡುವ ನಿರ್ಧಾರವೂ ಅಲ್ಲೇ ಆಗಿಹೋಗುತ್ತದೆ. ನಮಗೆ ಗೊತ್ತು, ಅದು ಮದುವೆಯ ಮಾತೆತ್ತಿರುವ ಅಗಸ್ಟಸ್. ಅವಳು ಕಂಡದ್ದು ಸುಳ್ಳಲ್ಲ, ಅರ್ಧ ಕಂಡಳು ಅಷ್ಟೇ. ಸಂಭಾಷಣೆಯಲ್ಲಿ ಇಂಥ ತಪ್ಪು ತಿಳಿವಳಿಕೆ ತರಬೇಕಾದರೆ ನಾಟಕಕಾರ ಒಬ್ಬರ ಕೈಲಿ ಸುಳ್ಳು ಹೇಳಿಸಬೇಕು, ಇಲ್ಲವೇ ಮಾತನ್ನು ಅರ್ಧಕ್ಕೆ ನಿಲ್ಲಿಸಬೇಕು. ಇಲ್ಲಿ ಮಾಲಿ ಕತ್ತರಿಸಿದ ಗಿಡವೇ ಆ ಕೆಲಸ ಮಾಡಿತು.

ಗುಟ್ಟು ಯಾವಾಗ ಬಿಡಬೇಕು ಎಂಬ ಜಗಳ ಈ ನಾಟಕಕ್ಕೆ ಹುಟ್ಟಿನಿಂದಲೇ ಅಂಟಿದ್ದು. ಅರ್ಲಿನ್ ತಾಯಿ ಎಂಬುದನ್ನು ಕೊನೆಯ ಅಂಕದವರೆಗೂ ಪ್ರೇಕ್ಷಕರಿಂದ ಬಚ್ಚಿಡುವುದು ವೈಲ್ಡ್‌ನ ಆಸೆ. ಪ್ರೇಕ್ಷಕರಿಗೆ ಮೊದಲೇ ಗೊತ್ತಾಗಬೇಕೆಂದು ಅಲೆಕ್ಸಾಂಡರ್ ಪಟ್ಟುಹಿಡಿದ. ಪ್ರದರ್ಶನಗಳು ಶುರುವಾದ ಮೇಲೆ ವೈಲ್ಡ್ ಮಣಿದ, ಗುಟ್ಟು ಹಂತಹಂತವಾಗಿ ಬಿಚ್ಚಿಕೊಳ್ಳುವಂತೆ ತಿದ್ದಿದ. ಲುಬಿಚ್ ಅಲೆಕ್ಸಾಂಡರನಿಗಿಂತಲೂ ಒಂದು ಹೆಜ್ಜೆ ಮುಂದೆ ಹೋದ. ಚಿತ್ರದ ಮೊದಲ ಭಾಗದಲ್ಲೇ ಅರ್ಲಿನ್ ಅಳಿಯನನ್ನು ಕರೆಸಿ ತಾನು ಯಾರೆಂದು ಹೇಳಿಬಿಡುತ್ತಾಳೆ. ಅಲ್ಲಿಂದ ಮುಂದೆ ನಾವು ಎಲ್ಲವನ್ನೂ ಬಲ್ಲವರಾಗಿ ಕೂತು, ಏನೂ ಅರಿಯದ ಹುಡುಗಿಯನ್ನು ನೋಡುತ್ತೇವೆ. ಬೆರಗಿನ ಜಾಗಕ್ಕೆ ಕಳವಳ ಬಂತು. ನನ್ನ ತೂಕದಲ್ಲಿ ಇದು ಲಾಭದ ವ್ಯಾಪಾರ. ಬಯಲಾಟದ ಮುಂದೆ ರಾತ್ರಿಯಿಡೀ ಕೂರುವ ನಮ್ಮ ಜನಕ್ಕೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ದುರ್ಯೋಧನನ ತೊಡೆ ಮುರಿಯುತ್ತದೆಂದು ತಿಳಿದೇ ಅವರು ಚಾಪೆ ಹಾಸುತ್ತಾರೆ.

ಆ ಲೆಕ್ಕ ಕೊನೆಗೆ ಹೇಗೆ ಕೂಡುತ್ತದೆ ನೋಡಿ. ಹೆಂಡತಿ ಡಾರ್ಲಿಂಗ್ಟನ್‌ನ ಕೋಣೆಗೆ ಹೋಗಿದ್ದು ಗಂಡನಿಗೆ ಗೊತ್ತಿಲ್ಲ. ಅರ್ಲಿನ್ ತನ್ನ ತಾಯಿಯೆಂದು ಹೆಂಡತಿಗೆ ಗೊತ್ತಿಲ್ಲ. ಅಗಸ್ಟಸ್‌ಗೆ ಎರಡೂ ಗೊತ್ತಿಲ್ಲ. ಎರಡನ್ನೂ ಬಲ್ಲವಳು ಅರ್ಲಿನ್ ಒಬ್ಬಳೇ, ಅವಳ ಜೊತೆ ನಾವು. ನಿನ್ನೆ ಆಕೆಯ ಪರ ವಾದಿಸಿದ ಗಂಡ ಇವತ್ತು ಛೀ ಎನ್ನುತ್ತಾನೆ. ನಿನ್ನೆ ಬೀಸಣಿಗೆಯಿಂದ ಆಕೆಯ ಮುಖಕ್ಕೆ ಹೊಡೆಯುತ್ತೇನೆಂದ ಹೆಂಡತಿ ಇವತ್ತು ಆಕೆಯಂಥ ಒಳ್ಳೆಯವಳಿಲ್ಲ ಎನ್ನುತ್ತಾಳೆ. ಇಬ್ಬರ ಅಭಿಪ್ರಾಯವೂ ಅದಲುಬದಲಾಯಿತು, ಇಬ್ಬರಿಗೂ ಪೂರ್ತಿ ಸಂಗತಿ ತಿಳಿಯಲಿಲ್ಲ. ಈ ಕಟ್ಟಡ ವೈಲ್ಡ್‌ನದೇ. ಸರಿಗೆಯ ಹೊಳಪಿಗೆ ಕಣ್ಣು ಕುಕ್ಕಿಸಿಕೊಂಡವರಿಗೆ ಇದು ಕಾಣಲಿಲ್ಲ, ಸರಿಗೆ ಬಿಚ್ಚಿದವನಿಗೆ ಕಂಡಿತು.

ನಮ್ಮ ಹಿರಿಯರು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ವಿಕ ಎಂದು ನಾಲ್ಕಾಗಿ ಎಣಿಸಿದರು. ಒಂದೆರಡನ್ನು ತೆಗೆದರೆ ಉಳಿದವು ಎಷ್ಟು ಭಾರ ಹೊರುತ್ತವೆ ಎಂಬ ಪರೀಕ್ಷೆಯನ್ನು ಕರಾವಳಿಯವರು ಎಂದೋ ಮಾಡಿ ಮುಗಿಸಿದ್ದಾರೆ. ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಪಂಚೆ ಉಟ್ಟ ಅರ್ಥಧಾರಿ ಕೂತಲ್ಲೇ ಕರ್ಣನಾಗುತ್ತಾನೆ. ಮೂಕಿ ಚಿತ್ರ ಅದರ ನೇರ ಎದುರು ದಡ. ಎರಡರಲ್ಲೂ ನಿಲ್ಲುವ ಪ್ರಸಂಗವೇ ಗಟ್ಟಿ ಪ್ರಸಂಗ ಎಂದು ನನಗನ್ನಿಸುತ್ತದೆ.

ಈ ದಡದಲ್ಲಿ ನಮ್ಮವರೂ ನಿಂತಿದ್ದರು. 1931ರಲ್ಲಿ ಮೋಹನ್ ಭವನಾನಿ ಶೂದ್ರಕನ ‘ಮೃಚ್ಛಕಟಿಕ’ವನ್ನು ‘ವಸಂತಸೇನಾ’ ಎಂದು ಮೂಕಿ ಚಿತ್ರ ಮಾಡಿದರು. ಅದರಲ್ಲಿದ್ದ ಏಣಾಕ್ಷಿ ರಾಮರಾವ್ 1928ರ ‘ಶಿರಾಜ್’ ಚಿತ್ರದ ನಾಯಕಿ. ಅದೂ ನಿರಂಜನ್ ಪಾಲ್ ಬರೆದ ನಾಟಕದಿಂದ ಬಂದದ್ದೇ. ಉಪ್ಪಿನ ಸತ್ಯಾಗ್ರಹದಲ್ಲಿ ಜೈಲು ಕಂಡ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ ‘ವಸಂತಸೇನಾ’ದಲ್ಲಿದ್ದರು. ಟಿ.ಪಿ. ಕೈಲಾಸಂ ಕೂಡ ಇದ್ದರು! ತಮ್ಮ ನಾಟಕಗಳನ್ನು ತಾವು ಬರೆಯದೆ ಬಾಯಲ್ಲಿ ಹೇಳಿ ಬೇರೆಯವರ ಕೈಲಿ ಬರೆಸುತ್ತಿದ್ದ ಮನುಷ್ಯ, ಕನ್ನಡಕ್ಕೆ ಇಂಗ್ಲಿಷ್ ಬೆರೆಸಿ ಮೈಸೂರು ಸೀಮೆಯನ್ನೆಲ್ಲ ನಗಿಸಿದ ಮನುಷ್ಯ, ದನಿಯೇ ಇಲ್ಲದ ಪರದೆಯ ಮೇಲೆ. ಲಂಡನ್ನಿಗೆ ವೈಲ್ಡ್ ಹೇಗೋ ಬೆಂಗಳೂರಿಗೆ ಕೈಲಾಸಂ ಹಾಗೆ.

‘ಮೃಚ್ಛಕಟಿಕ’ವನ್ನು ಆರಿಸಿಕೊಂಡದ್ದು ಮಾತ್ರ ಕಣ್ಣಿದ್ದವರ ಕೆಲಸ. ಮೂಕಿಗೆಂದೇ ಬರೆದಂತಿದೆ ಆ ನಾಟಕ. ಗಣಿಕೆ ವಸಂತಸೇನೆಯ ಒಡವೆಗಳ ಹಿಂದೆ ಹೋದರೆ ಸಾಕು, ಕಥೆ ತಾನಾಗಿ ಸಿಗುತ್ತದೆ. ಅವಳು ಅವನ್ನು ತನ್ನ ಪ್ರಿಯಕರ ಚಾರುದತ್ತನ ಮನೆಯಲ್ಲಿ ಇಡುತ್ತಾಳೆ. ಶರ್ವಿಲಕ ಗೋಡೆಗೆ ಕನ್ನ ಹಾಕಿ ಕದಿಯುತ್ತಾನೆ. ಬ್ರಾಹ್ಮಣ ಕಳ್ಳ ಅವನು, ಅಳತೆಯ ದಾರ ಮರೆತು ಬಂದದ್ದರಿಂದ ಜನಿವಾರ ತೆಗೆದು ಕನ್ನದ ಅಳತೆ ಮಾಡುತ್ತಾನೆ. ಈ ಒಂದು ಚಿತ್ರಕ್ಕೆ ಎಷ್ಟು ಫಲಕ ಅಚ್ಚು ಹಾಕಿದರೂ ಸಮವಾಗದು. ಒಡವೆ ವಸಂತಸೇನೆಗೇ ವಾಪಸು ಬರುತ್ತದೆ. ಚಿನ್ನದ ಗಾಡಿ ಬೇಕೆಂದು ಅಳುವ ಚಾರುದತ್ತನ ಮಗನ ಮಣ್ಣಿನ ಗಾಡಿಯಲ್ಲಿ ಅವಳು ಒಡವೆ ತುಂಬುತ್ತಾಳೆ. ಕೊನೆಗೆ ವಸಂತಸೇನೆಯನ್ನು ಕೊಂದನೆಂಬ ಆರೋಪ ಚಾರುದತ್ತನ ಮೇಲೆ ಬಂದು, ನ್ಯಾಯಸಭೆಯಲ್ಲಿ ಅವನ ಗೆಳೆಯ ಮೈತ್ರೇಯ ಆರೋಪ ಹೊರಿಸಿದ ಶಕಾರನ ಮೈಮೇಲೆ ಬಿದ್ದಾಗ ಮೈತ್ರೇಯನ ಕಂಕುಳಿಂದಲೇ ಅವೇ ಒಡವೆ ಉದುರಿ ಚಾರುದತ್ತನ ಕೊರಳಿಗೆ ಬರುತ್ತವೆ. ಮಗುವಿನ ಅಳು ನಿಲ್ಲಿಸಿದ ವಸ್ತುವೇ ಕೊಲೆಗೆ ಸಾಕ್ಷಿ. ಗಾಡಿ ಅದಲುಬದಲಾಗಿ ವಸಂತಸೇನೆ ಶಕಾರನ ಗಾಡಿ ಹತ್ತುವ ಅಂಕವಂತೂ ಲುಬಿಚ್‌ನ ಬೇಲಿಗೆ ಅಣ್ಣ. ಬೀಸಣಿಗೆ ಯಾರ ಕೈಲಿ, ಒಡವೆ ಯಾರ ಕೈಲಿ, ಅದು ಅಲ್ಲಿಗೆ ಹೇಗೆ ಬಂತೆಂದು ಯಾರಿಗೆ ಗೊತ್ತು ಎಂಬ ಲೆಕ್ಕವನ್ನು ಶೂದ್ರಕ ಬಹಳ ಹಿಂದೆಯೇ ಬರೆದಿಟ್ಟಿದ್ದ.

ಹೀಗೆಂದ ಮಾತ್ರಕ್ಕೆ ಲುಬಿಚ್ ಏನನ್ನೂ ಕಳೆಯಲಿಲ್ಲವೆಂದು ನಾನು ಹೇಳುತ್ತಿಲ್ಲ. ನಾಟಕದ ನಾಲ್ಕನೇ ಅಂಕದಲ್ಲಿ ಅರ್ಲಿನ್ ಅಳಿಯನೆದುರು ನಿಂತು, ತಾನು ಪಶ್ಚಾತ್ತಾಪಪಟ್ಟು ಆಸ್ಪತ್ರೆಯ ದಾದಿಯಾಗಿಯೋ ಕನ್ಯಾಮಠ ಸೇರಿಯೋ ಬಾಳು ಮುಗಿಸುವವಳಲ್ಲವೆಂದು ಸ್ಪಷ್ಟವಾಗಿ ತಿಳಿಸುತ್ತಾಳೆ. ತಾಯ್ತನ ಒಂದು ರಾತ್ರಿ ಮೈಮೇಲೆ ಬಂದು ಹೋಯಿತು, ಆ ನೋವು ಮತ್ತೆ ಬೇಡ ಎನ್ನುತ್ತಾಳೆ. ಆ ಕಾಲದ ರಂಗದ ಮೇಲೆ ಜಾರಿದ ಹೆಂಗಸಿಗೆ ಎರಡೇ ದಾರಿ, ಸಾವು ಅಥವಾ ಪ್ರಾಯಶ್ಚಿತ್ತ. ಎರಡನ್ನೂ ಬೇಡವೆಂದ ಈ ಮಾತು ಇಡೀ ನಾಟಕದಲ್ಲಿ ಜಾಣತನದ ಪ್ರದರ್ಶನವಲ್ಲದ ಮಾತು. ಇದಕ್ಕೆ ಬೇರೆ ನಾಣ್ಯ ಸಿಗುವುದಿಲ್ಲ. ಐರೀನ್ ರಿಚ್‌ಳ ಕಣ್ಣು ದುಃಖ ಹೇಳಬಲ್ಲದು, ಹೆಮ್ಮೆ ಹೇಳಬಲ್ಲದು. ‘ನಾನು ಪಶ್ಚಾತ್ತಾಪಪಡುವುದಿಲ್ಲ’ ಎಂಬ ವಾದವನ್ನು ಕಣ್ಣು ಹೇಗೆ ಹೇಳೀತು? ಚಿತ್ರದ ಅರ್ಲಿನ್ ನಾಟಕದವಳಿಗಿಂತ ಮೃದು, ಹಾಗಾಗಿ ಸ್ವಲ್ಪ ಸಾಮಾನ್ಯಳು. ಅಗಸ್ಟಸ್‌ನ ಕೊನೆಯ ದೃಶ್ಯ ಈ ಕೊರತೆಯನ್ನು ಒಂದಿಷ್ಟು ತುಂಬುತ್ತದೆ. ಬೀದಿಯಲ್ಲಿ ಅವನು ಎದುರಾದಾಗ ಅವಳು ತಪ್ಪೊಪ್ಪಿಕೊಳ್ಳುವ ಬದಲು ಅವನ ಮೇಲೇ ರೇಗಿ ಟ್ಯಾಕ್ಸಿ ಹತ್ತುತ್ತಾಳೆ. ಪೆಚ್ಚಾದ ಅವನು ಹಿಂದೆಯೇ ಹತ್ತುತ್ತಾನೆ.

ಮಾತು ಬಂದ ಮೇಲೆ, 1949ರಲ್ಲಿ, ಆಟೋ ಪ್ರೆಮಿಂಜರ್ ಇದೇ ನಾಟಕವನ್ನು ‘ದಿ ಫ್ಯಾನ್’ ಎಂದು ಮತ್ತೆ ತೆಗೆದ. ಡಾರ್ಲಿಂಗ್ಟನ್ ಪಾತ್ರಕ್ಕೆ ಜಾರ್ಜ್ ಸ್ಯಾಂಡರ್ಸ್, ವೈಲ್ಡ್‌ನ ಮಾತು ಆಡಲೆಂದೇ ಹುಟ್ಟಿದಂಥ ದನಿ. ಬೇಕಾದ ಮಾತೆಲ್ಲ ಕೈಗೆ ಸಿಗುವಂತಿತ್ತು. ಆದರೆ ಕಥೆಯನ್ನು ಮುದುಕರ ನೆನಪಿನ ಚೌಕಟ್ಟಿನಲ್ಲಿ ಕೂರಿಸಿದ್ದರಿಂದ ಯಾರಿಗೆ ಏನು ಗೊತ್ತು ಎಂಬ ಎಳೆ ಸಡಿಲವಾಯಿತು, ಚಿತ್ರ ನಿಲ್ಲಲಿಲ್ಲ. ಪ್ರೆಮಿಂಜರನೇ ಅದನ್ನು ತನ್ನ ಸೋತ ಕೆಲಸಗಳ ಪಟ್ಟಿಗೆ ಸೇರಿಸಿಕೊಂಡ.

ಲುಬಿಚ್‌ನ ಚಿತ್ರ ಒಂದೂವರೆ ಗಂಟೆಯೊಳಗೆ ಮುಗಿಯುತ್ತದೆ. ನಾಟಕ ಆಡಿಸುವ ಕಿರಿಯರು ಅದನ್ನು ಎರಡು ಸಲ ನೋಡಿ ಎಂದು ಕೇಳಿಕೊಳ್ಳುತ್ತೇನೆ. ಮೊದಲ ಸಲ ಫಲಕಗಳನ್ನು ಓದಿಕೊಂಡು, ಎರಡನೇ ಸಲ ಫಲಕ ಬಂದಾಗ ಕಣ್ಣು ಮುಚ್ಚಿಕೊಂಡು. ಆಮೇಲೆ ನೀವು ತಾಲೀಮು ಮಾಡಿಸುತ್ತಿರುವ ನಾಟಕದ ಯಾವುದಾದರೂ ಒಂದು ದೃಶ್ಯವನ್ನು ಮಾತಿಲ್ಲದೆ ಆಡಿಸಿ ನೋಡಿ.